ಬಿಕೆಆರ್6ಇ-11: ಹಳೇ ಚಿಕ್ಕ ಕಾರಿಗೆ ಈ ಸಾದಾ ಪ್ಲಗ್ಗೇ ಸಾಕು

ಎನ್‌ಜಿಕೆಯ ಬಿಕೆಆರ್6ಇ-11 ಸ್ಪಾರ್ಕ್ ಪ್ಲಗ್ಗಿನಲ್ಲಿ (ಎಂಜಿನ್ನಿನೊಳಗೆ ಪೆಟ್ರೋಲ್ ಹೊತ್ತಿಸಲು ಕಿಡಿ ಕೊಡುವ ಭಾಗ) ಮೇಲ್ನೋಟಕ್ಕೆ ವಿಶೇಷವೇನೂ ಇಲ್ಲ. ಕಿಡಿ ಹಾರುವ ತುದಿಗೆ ನಿಕಲ್ ಎಲೆಕ್ಟ್ರೋಡ್, ಒಳಗೆ ತಾಮ್ರದ ತಿರುಳು, ಅಷ್ಟೇ. ಅದೇ ಕಂಪನಿಯ, ಇರಿಡಿಯಂ ಎಂಬ ದುಬಾರಿ ಲೋಹದ ಮೊನೆಯಿರುವ ಇರಿಡಿಯಂ ಐಎಕ್ಸ್ ಪಕ್ಕದಲ್ಲಿಟ್ಟರೆ ಬಡಪಾಯಿ. ಆದರೂ ಪ್ಲಗ್ ವೈರ್ ಇರುವ ಹಳೇ ನಾಲ್ಕು ಸಿಲಿಂಡರ್ ಕಾರಿಗೆ, ಮ್ಯಾನ್ಯುಯಲ್‌ನಲ್ಲಿ ಇದೇ ನಂಬರ್ ಇದ್ದರೆ, ನಮ್ಮ ಓಟು ಇದಕ್ಕೇ.

ನಂಬರಿನಲ್ಲೇ ಜಾತಕವಿದೆ. 14 ಮಿ.ಮೀ. ಥ್ರೆಡ್, 16 ಮಿ.ಮೀ. ಸಾಕೆಟ್, ಒಳಗೆ ರೆಸಿಸ್ಟರ್ (ರೇಡಿಯೋ ಗದ್ದಲ ತಗ್ಗಿಸುವ ಪ್ರತಿರೋಧಕ), ಥ್ರೆಡ್ಡಿನ ಉದ್ದ 19 ಮಿ.ಮೀ., ಕಿಡಿ ಹಾರುವ ಗ್ಯಾಪ್ 1.1 ಮಿ.ಮೀ. ನಡುವಿನ 6 ಶಾಖದ ದರ್ಜೆ. ಎನ್‌ಜಿಕೆಯಲ್ಲಿ ಅಂಕಿ ಏರಿದಷ್ಟೂ ಪ್ಲಗ್ 'ತಂಪು', ಅಂದರೆ ಶಾಖವನ್ನು ಬೇಗ ಹೊರಹಾಕುತ್ತದೆ. ಬಾಷ್‌ನಲ್ಲಿ ಲೆಕ್ಕ ಉಲ್ಟಾ. ಡೆನ್ಸೋದಲ್ಲಿ ಈ 6ಕ್ಕೆ ಸಮನಾದದ್ದು 20. ಬ್ರ್ಯಾಂಡ್ ಬದಲಿಸುವವರು ಎಡವುವುದು ಇಲ್ಲೇ. ಕೊನೆಯ -11 ಇಲ್ಲದ ಪ್ಲಗ್ಗಿನ ಗ್ಯಾಪ್ ಬೇರೆ, ಹಾಗಾಗಿ ಅದನ್ನೂ ಓದಿಯೇ ಕೊಳ್ಳಿ.

ಇರಿಡಿಯಂ ಹಾಕಿದರೆ ಪಿಕಪ್ಪೂ ಮೈಲೇಜೂ ಜಿಗಿಯುತ್ತವೆ ಎನ್ನುವವರಿದ್ದಾರೆ. ಹಾಗೆ ಜಿಗಿದಿದ್ದರೆ ಅದು ಬಹುಪಾಲು ಸವೆದ ಪ್ಲಗ್ ಹೊರಗೆ ಹೋದದ್ದರ ಫಲ. ಹೊಸ ನಿಕಲ್ ಹಾಕಿದ್ದರೂ ಅಷ್ಟೇ ಸಿಗುತ್ತಿತ್ತು. ಐಎಕ್ಸ್‌ನ 0.6 ಮಿ.ಮೀ. ಮೊನೆಯಲ್ಲಿ ಕಡಿಮೆ ವೋಲ್ಟೇಜಿಗೇ ಕಿಡಿ ಹಾರುತ್ತದೆ ಎಂಬುದು ನಿಜ. ಆದರೆ ಹಳೇ ಕಾರುಗಳಲ್ಲಿ ಬಹಳಷ್ಟು ಕಡೆ ಒಂದೇ ಕಾಯಿಲ್ (ಕಿಡಿಗೆ ಬೇಕಾದ ಹೈ ವೋಲ್ಟೇಜ್ ಕೊಡುವ ಸುರುಳಿ) ಎರಡು ಸಿಲಿಂಡರಿಗೆ ಕಿಡಿ ಕೊಡುತ್ತದೆ. ಆಗ ಜೋಡಿಯಲ್ಲಿ ಒಂದು ಪ್ಲಗ್ಗಿಗೆ ಕರೆಂಟು ತಿರುಗಿ ಹರಿದು, ನಡುವಿನ ಮೊನೆಯ ಬದಲು ಬಾಗಿದ ಎಲೆಕ್ಟ್ರೋಡ್ ಸವೆಯುತ್ತದೆ. ಐಎಕ್ಸ್‌ನಲ್ಲಿ ಆ ಭಾಗ ಬರೀ ನಿಕಲ್ಲೇ. ದುಬಾರಿ ಲೋಹ ಒಂದು ಕಡೆ, ಸವೆತ ಇನ್ನೊಂದು ಕಡೆ!

ನಿಕಲ್ಲಿನ ದೌರ್ಬಲ್ಯ ಆಯಸ್ಸು. ಸುಮಾರು 30,000 ಕಿ.ಮೀ. ಹೊತ್ತಿಗೆ ಮೊನೆ ದುಂಡಗಾಗಿ ಗ್ಯಾಪ್ ಅಗಲವಾಗುತ್ತದೆ, ಕಾಯಿಲ್ ತಿಣುಕಾಡುತ್ತದೆ, ಏರಿನಲ್ಲಿ ಎಂಜಿನ್ ಮಿಸ್ ಹೊಡೆಯುತ್ತದೆ (ಕಿಡಿ ತಪ್ಪಿ ಮುಗ್ಗರಿಸುತ್ತದೆ). ಇನ್‌ಟೇಕ್ ಮ್ಯಾನಿಫೋಲ್ಡ್ (ಎಂಜಿನ್ನಿಗೆ ಗಾಳಿ ಒಯ್ಯುವ ಕೊಳವೆಗಳ ಜೋಡಣೆ) ಬಿಚ್ಚದೆ ಪ್ಲಗ್ ಸಿಗದಂಥ ಎಂಜಿನ್ ನಿಮ್ಮದಾಗಿದ್ದರೆ ನಮ್ಮ ಓಟು ವಾಪಸ್. ಎರಡೂ ಎಲೆಕ್ಟ್ರೋಡಿಗೆ ಬೆಲೆಬಾಳುವ ಲೋಹವಿರುವ, ಬಾಳಿಕೆಯ ಪ್ಲಗ್ ಹಾಕಿ.

ಪೆಟ್ಟಿಗೆಯಿಂದ ತೆಗೆದದ್ದನ್ನು ನೇರವಾಗಿ ಹಾಕಬೇಡಿ. ಫೀಲರ್ ಗೇಜಿನಿಂದ (ಸಂದು ಅಳೆಯುವ ತೆಳು ಪಟ್ಟಿಗಳು) ನಾಲ್ಕರ ಗ್ಯಾಪೂ ಅಳೆಯಿರಿ. ತಿದ್ದುವುದಿದ್ದರೆ ಬಾಗಿದ ಎಲೆಕ್ಟ್ರೋಡನ್ನು ಮಾತ್ರ ಬಾಗಿಸಿ. ತುದಿಯ ಟರ್ಮಿನಲ್ ನಟ್ ಬಿಚ್ಚುವಂಥದ್ದಾದರೆ ಪ್ಲಯರ್‌ನಿಂದ ಒಮ್ಮೆ ಬಿಗಿ ಮಾಡಿ. ಅದು ಸಡಿಲವಿದ್ದು ಮಿಸ್ ಹೊಡೆಯುವುದನ್ನು ಕಾಯಿಲ್ ತಲೆಗೆ ಕಟ್ಟಿದವರು ಕಡಿಮೆಯಿಲ್ಲ. ಕೈಜಾರಿ ಕಾಂಕ್ರೀಟಿನ ಮೇಲೆ ಬಿದ್ದ ಪ್ಲಗ್ ಬೇಡ. ಪಿಂಗಾಣಿಯೊಳಗಿನ ಬಿರುಕು ಕಣ್ಣಿಗೆ ಕಾಣುವುದಿಲ್ಲ.

ಕೆಲಸ ಎಂಜಿನ್ ಪೂರ್ತಿ ತಣ್ಣಗಾದ ಮೇಲೆ. ಬಿಸಿ ಅಲ್ಯೂಮಿನಿಯಂ ಹೆಡ್ಡಿನಿಂದ ಪ್ಲಗ್ ಬಿಚ್ಚಲು ಹೋದರೆ ಥ್ರೆಡ್ ಕಿತ್ತು ಬರಬಹುದು. ಒಂದು ವೈರ್ ತೆಗೆದು, ಆ ಪ್ಲಗ್ ಮುಗಿಸಿ, ಅದೇ ವೈರ್ ಹಾಕಿ ಮುಂದಿನದಕ್ಕೆ ಹೋದರೆ ಅದಲುಬದಲಾಗುವ ಪ್ರಶ್ನೆಯೇ ಇಲ್ಲ. ವೈರ್ ಹಿಡಿದು ಎಳೆಯಬೇಡಿ, ರಬ್ಬರ್ ಬೂಟನ್ನು ತುಸು ತಿರುಚಿ ಮೇಲೆತ್ತಿ. ಬಿಚ್ಚುವ ಮೊದಲು ಪ್ಲಗ್ ಕೂತಿರುವ ಗುಂಡಿಯೊಳಗಿನ ಧೂಳು ಮರಳನ್ನು ಗಾಳಿ ಹೊಡೆದು ತೆಗೆಯಿರಿ, ಇಲ್ಲದಿದ್ದರೆ ಅದು ನೇರ ಸಿಲಿಂಡರಿಗೆ. ಗುಂಡಿಯಲ್ಲಿ ಆಯಿಲ್ ನಿಂತಿದ್ದರೆ ಟ್ಯಾಪೆಟ್ ಕವರಿನ ಸೀಲ್ ಹೋಗಿದೆ. ಅದನ್ನು ಸರಿಮಾಡದಿದ್ದರೆ ಹೊಸ ಬೂಟೂ ಹಾಳಾಗುತ್ತದೆ.

ಹೊಸ ಪ್ಲಗ್ಗನ್ನು ಎಕ್ಸ್‌ಟೆನ್ಷನ್‌ಗೆ ಸಿಕ್ಕಿಸಿ, ರ‍್ಯಾಚೆಟ್ ಇಲ್ಲದೆ ಬೆರಳಿನಿಂದಲೇ ತಿರುಗಿಸಿ. ಎರಡು ಸುತ್ತಿಗೇ ಬಿಗಿಯಾದರೆ ಥ್ರೆಡ್ ಅಡ್ಡ ಕೂತಿದೆ ಎಂದರ್ಥ, ಬಿಚ್ಚಿ ಮತ್ತೆ ಶುರುಮಾಡಿ. ವಾಷರ್ ತಾಗಿದ ಮೇಲೆ 25ರಿಂದ 30 ನ್ಯೂಟನ್ ಮೀಟರ್ ಟಾರ್ಕ್. ಟಾರ್ಕ್ ರೆಂಚ್ ಇಲ್ಲದಿದ್ದರೆ ಹೊಸದಕ್ಕೆ ಅರ್ಧದಿಂದ ಮೂರನೇ ಎರಡು ಸುತ್ತು. ಅದೇ ಪ್ಲಗ್ ಮತ್ತೆ ಹಾಕುವಾಗ ವಾಷರ್ ಆಗಲೇ ಚಪ್ಪಟೆಯಾಗಿರುವುದರಿಂದ ಹನ್ನೆರಡನೇ ಒಂದು ಸುತ್ತು ಸಾಕು. ಥ್ರೆಡ್ಡಿಗೆ ಗ್ರೀಸೂ ಬೇಡ, ಆ್ಯಂಟಿ-ಸೀಜ್ ಪೇಸ್ಟೂ (ಥ್ರೆಡ್ ಕಚ್ಚಿಕೊಳ್ಳದಂತೆ ಹಚ್ಚುವುದು) ಬೇಡ: ಲೋಹಲೇಪನ ಮೊದಲೇ ಇದೆ, ಪೇಸ್ಟ್ ಹಚ್ಚಿದರೆ ಅದೇ ಟಾರ್ಕಿಗೆ ಪ್ಲಗ್ ಅತಿಯಾಗಿ ಬಿಗಿದು ಥ್ರೆಡ್ ಎಳೆದುಕೊಳ್ಳುತ್ತದೆ.

ಹಳೇ ಪ್ಲಗ್ಗುಗಳನ್ನು ಸಿಲಿಂಡರಿನ ಸಾಲಿನಲ್ಲೇ ಜೋಡಿಸಿಡಿ. ತಿಳಿಗಂದು ಬಣ್ಣ ಆರೋಗ್ಯದ ಲಕ್ಷಣ. ಒಣ ಮಸಿಯಾದರೆ ಪೆಟ್ರೋಲ್ ಹೆಚ್ಚಾಗುತ್ತಿದೆ, ಏರ್ ಫಿಲ್ಟರ್ ನೋಡಿ. ಜಿಡ್ಡು ಜಿಡ್ಡಾದ ಕಪ್ಪು ಮಸಿಯಾದರೆ ಅದು ಪಿಸ್ಟನ್ ರಿಂಗ್ ಅಥವಾ ವಾಲ್ವ್ ಸೀಲಿನ ಕಡೆ ಕೈ ತೋರಿಸುತ್ತದೆ. ಬಿಳಿಚಿಕೊಂಡು ಗುಳ್ಳೆ ಎದ್ದಿದ್ದರೆ ಅತಿಶಾಖ. ಪಿಂಗಾಣಿಯ ಮೇಲೆ, ಲೋಹದ ಅಂಚಿಗೆ ತಾಗಿದಂತೆ ಕಾಣುವ ಕಂದು ಉಂಗುರಕ್ಕೆ ಮಾತ್ರ ಗಾಬರಿಯಾಗಬೇಡಿ. ಅದು ಗ್ಯಾಸ್ ಸೋರಿಕೆಯಲ್ಲ, ಹೈ ವೋಲ್ಟೇಜಿಗೆ ಅಂಟಿದ ಆಯಿಲ್ ಧೂಳು.