ಅಮೆರಿಕದ ಶೇರು: ನೇರವಾಗಿ ಕೊಳ್ಳೋದೋ, ಇಟಿಎಫೋ, ಫಂಡೋ?

ಬೆಂಗಳೂರಲ್ಲಿ ಕೂತು ಅಮೆರಿಕದ ಮಾರುಕಟ್ಟೆಗೆ ದುಡ್ಡು ಹಾಕೋಕೆ ಮುಖ್ಯವಾಗಿ ಮೂರು ದಾರಿ. ಮೂರರಲ್ಲೂ ನನ್ನ ದುಡ್ಡಿದೆ. ಬ್ರೋಕರೇಜ್ ಎಷ್ಟು ಅಂತ ಎಲ್ಲರೂ ಕೇಳ್ತಾರೆ, ಆದರೆ ದುಡ್ಡು ಸೋರೋದು ಅಲ್ಲಲ್ಲ.

ಮೊದಲು ನೇರ ದಾರಿ. ಹೊರದೇಶಕ್ಕೆ ಹಣ ಕಳಿಸೋಕೆ ಇರುವ ರಿಸರ್ವ್ ಬ್ಯಾಂಕಿನ ಎಲ್‌ಆರ್‌ಎಸ್ ಯೋಜನೆ ಪ್ರಕಾರ ಒಬ್ಬರು ವರ್ಷಕ್ಕೆ 2,50,000 ಡಾಲರ್ ತನಕ ಹೊರಗೆ ಕಳಿಸಬಹುದು. ಸಂಬಳದವರಿಗೆ ಆ ಮಿತಿ ಲೆಕ್ಕಕ್ಕೇ ಇಲ್ಲ. ಬ್ಯಾಂಕಿನಲ್ಲಿ ಎ2 ಫಾರಂ ತುಂಬಿ ಕಳಿಸಿದೆ. ಆಮೇಲೆ ಸ್ಟೇಟ್‌ಮೆಂಟ್ ನೋಡಿದರೆ, ಅವತ್ತಿನ ಮಾರುಕಟ್ಟೆ ದರಕ್ಕಿಂತ ಡಾಲರಿಗೆ ಒಂದು ರೂಪಾಯಿಗೂ ಮಿಕ್ಕಿ ಜಾಸ್ತಿ ಹಿಡಿದಿದ್ದಾರೆ. ಮೇಲಿಂದ ವೈರ್ ಶುಲ್ಕ, ಜಿಎಸ್‌ಟಿ. ಐದೋ ಹತ್ತೋ ಸಾವಿರದಂತೆ ತಿಂಗಳಾ ಕಳಿಸಿದರೆ ಈ ಶುಲ್ಕವೇ ಲಾಭ ತಿಂದುಹಾಕುತ್ತೆ. ಕೂಡಿಟ್ಟು ಒಟ್ಟಿಗೆ ಕಳಿಸಬೇಕು. ವರ್ಷಕ್ಕೆ 10 ಲಕ್ಷ ದಾಟಿದರೆ ಮೇಲಿನ ಮೊತ್ತಕ್ಕೆ 20% ಟಿಸಿಎಸ್, ಅಂದರೆ ಬ್ಯಾಂಕು ಮೊದಲೇ ಹಿಡಿದುಕೊಳ್ಳುವ ತೆರಿಗೆ. ಅದು ರಿಟರ್ನ್‌ನಲ್ಲಿ ವಾಪಸ್ ಸಿಗುತ್ತೆ, ಅಷ್ಟು ದಿನ ದುಡ್ಡು ಸಿಕ್ಕಿಹಾಕಿಕೊಂಡಿರುತ್ತೆ ಅಷ್ಟೆ.

ನಿಜವಾದ ತಲೆನೋವು ಶೆಡ್ಯೂಲ್ ಎಫ್‌ಎ, ಅಂದರೆ ತೆರಿಗೆ ರಿಟರ್ನ್‌ನಲ್ಲಿ ಹೊರದೇಶದ ಆಸ್ತಿ ತೋರಿಸುವ ಪಟ್ಟಿ. ನಮ್ಮ ತೆರಿಗೆ ವರ್ಷ ಏಪ್ರಿಲ್‌ನಿಂದ ಮಾರ್ಚ್, ಈ ಶೆಡ್ಯೂಲ್ ಮಾತ್ರ ಜನವರಿಯಿಂದ ಡಿಸೆಂಬರ್. ಒಂದೊಂದು ಶೇರಿಗೂ ಕೊಂಡ ಬೆಲೆ, ವರ್ಷದ ಗರಿಷ್ಠ ಮೌಲ್ಯ, ಡಿಸೆಂಬರ್ 31ರ ಮೌಲ್ಯ ಹುಡುಕಿ, ಎಸ್‌ಬಿಐ ಡಾಲರ್ ಕೊಳ್ಳುವ (ಟಿಟಿ) ದರದಲ್ಲಿ ರೂಪಾಯಿಗೆ ತಿರುಗಿಸಿ ತುಂಬಬೇಕು. ಡಿವಿಡೆಂಡ್‌ಗೆ ಅಲ್ಲೇ 25% ಕಡಿತ, ಅದನ್ನು ಇಲ್ಲಿ ಹೊಂದಿಸಿಕೊಳ್ಳೋಕೆ ಇನ್ನೊಂದು ಫಾರಂ. ಐಟಿ ಕಂಪನಿಯಿಂದ ಆರ್‌ಎಸ್‌ಯು (ಸಂಬಳದ ಜೊತೆ ಕೊಡುವ ಕಂಪನಿ ಶೇರು) ಸಿಕ್ಕವರು ಇದನ್ನೆಲ್ಲ ಹೇಗೂ ಮಾಡ್ತಿರ್ತಾರೆ, ಅವರಿಗೆ ಇನ್ನು ನಾಲ್ಕು ಸಾಲು ಸೇರಿದರೆ ಭಾರವಲ್ಲ. ಉಳಿದವರು ಆಡಿಟರ್ ಫೀಸನ್ನೂ ಖರ್ಚಿಗೆ ಸೇರಿಸಿಕೊಳ್ಳಿ.

ಎರಡನೆಯದು ಇಟಿಎಫ್, ಅಂದರೆ ಶೇರಿನ ಹಾಗೇ ಎಕ್ಸ್‌ಚೇಂಜಿನಲ್ಲಿ ಕೊಂಡು ಮಾರುವ ಫಂಡ್. ಎನ್‌ಎಸ್‌ಇಯಲ್ಲಿ ಸಿಗುವ ನಾಸ್ಡಾಕ್ 100 (ಅಮೆರಿಕದ ನಾಸ್ಡಾಕ್‌ನ 100 ದೊಡ್ಡ ಕಂಪನಿಗಳ ಸೂಚ್ಯಂಕ) ಇಟಿಎಫ್‌ಗೆ ಈ ಯಾವ ಕಾಟವೂ ಇಲ್ಲ. ಇರುವ ಡಿಮ್ಯಾಟ್ ಸಾಕು, ಕೊಳ್ಳೋದು ರೂಪಾಯಿಯಲ್ಲಿ, ಶೆಡ್ಯೂಲ್ ಎಫ್‌ಎ ಇಲ್ಲ. 12 ತಿಂಗಳು ದಾಟಿದರೆ ಲಾಭಕ್ಕೆ 12.5% ತೆರಿಗೆ, ನೇರ ಶೇರಾದರೆ ಅದೇ ದರಕ್ಕೆ 24 ತಿಂಗಳು ಕಾಯಬೇಕು. ಕಾಗದದ ಮೇಲೆ ಇದೇ ಗೆಲ್ಲಬೇಕಿತ್ತು. ಆದರೆ ಮ್ಯೂಚುವಲ್ ಫಂಡ್‌ಗಳು ಹೊರದೇಶಕ್ಕೆ ಒಯ್ಯುವ ಹಣಕ್ಕೆ ಒಟ್ಟು 700 ಕೋಟಿ ಡಾಲರ್, ವಿದೇಶಿ ಇಟಿಎಫ್‌ಗಳಲ್ಲಿ ಹಾಕೋಕೆ ಬೇರೆ 100 ಕೋಟಿ ಡಾಲರ್ ಮಿತಿ ಇದೆ. ಮಿತಿ ತುಂಬಿದ ಮೇಲೆ ಹೊಸ ಯೂನಿಟ್ ಹುಟ್ಟಲ್ಲ. ಕೊಳ್ಳುವವರು ಜಾಸ್ತಿ, ಯೂನಿಟ್ ಅಷ್ಟೇ, ಬೆಲೆ ತಾನಾಗಿ ಏರುತ್ತೆ. ಹಾಗಾಗಿ ಆರ್ಡರ್ ಹಾಕುವ ಮುಂಚೆ ಫಂಡ್ ಹೌಸಿನ ಸೈಟಿನಲ್ಲಿ ಐ-ಎನ್‌ಎವಿ, ಅಂದರೆ ಒಂದು ಯೂನಿಟ್ ಒಳಗಿನ ಶೇರುಗಳ ಆ ಕ್ಷಣದ ಬೆಲೆ, ನೋಡಲೇಬೇಕು. ಒಳಗಿನ ಶೇರುಗಳ ಬೆಲೆ 100 ಅಂತಿರುವಾಗ ಮಾರುಕಟ್ಟೆಯಲ್ಲಿ 110ಕ್ಕೂ ಮೇಲೆ ಕೈಬದಲಾಗುತ್ತಿದ್ದ ದಿನಗಳನ್ನು ನಾನೇ ನೋಡಿದ್ದೇನೆ. ಆ ಹೆಚ್ಚುವರಿ ಬೆಲೆ (ಪ್ರೀಮಿಯಂ) ಇಳಿದ ದಿನ ನಾಸ್ಡಾಕ್ ಏರಿದ್ದರೂ ನಮ್ಮ ಯೂನಿಟ್ ಕೆಂಪಗಿರಬಹುದು.

ಮೂರನೆಯದು ಹೊರದೇಶದ ಫಂಡಿಗೇ ಹಣ ಕಟ್ಟುವ ಫೀಡರ್ ಫಂಡ್. ಎನ್‌ಎವಿಗೇ (ಒಳಗಿನ ಆಸ್ತಿಯ ನಿಜ ಬೆಲೆಗೇ) ಸಿಗುತ್ತೆ, ತಿಂಗಳಿಗಿಷ್ಟು ಅಂತ ಎಸ್‌ಐಪಿ ಹಾಕಬಹುದು, ಪ್ರೀಮಿಯಂ ಗೋಳಿಲ್ಲ. ಖರ್ಚು ಎರಡು ಕಡೆ ಹಿಡೀತಾರೆ, ತೆರಿಗೆಗೆ ಇಲ್ಲೂ 24 ತಿಂಗಳು. ಬಾಗಿಲು ಯಾವಾಗ ಮುಚ್ಚುತ್ತೋ ಹೇಳೋಕಾಗಲ್ಲ: 2022ರ ಆರಂಭದಲ್ಲಿ ಮಿತಿ ಹತ್ತಿರವಾದಾಗ ಇಂಥ ಫಂಡ್‌ಗಳು ಹೊಸ ಹಣ ತೆಗೆದುಕೊಳ್ಳೋದನ್ನೇ ನಿಲ್ಲಿಸಿದವು.

ನನ್ನ ಓಟು, ತಿಂಗಳ ಉಳಿತಾಯಕ್ಕೆ ಫೀಡರ್ ಫಂಡಿಗೆ. ಇಟಿಎಫ್ ಕೊಳ್ಳೋದು ಪ್ರೀಮಿಯಂ 2% ಒಳಗೆ ಬಂದ ದಿನ ಮಾತ್ರ. ನೇರ ಖಾತೆ, ಹೆಸರು ಹಿಡಿದು ಇಂಥದ್ದೇ ಕಂಪನಿ ಬೇಕು ಅನ್ನಿಸಿದಾಗ. ಅದೂ 60,000 ಡಾಲರ್ ದಾಟದ ಹಾಗೆ ನೋಡಿಕೊಳ್ತೇನೆ, ಯಾಕಂದರೆ ಅಲ್ಲಿಯ ಪ್ರಜೆ ಅಥವಾ ನಿವಾಸಿ ಅಲ್ಲದವರು ತೀರಿಕೊಂಡರೆ ಅದರ ಮೇಲಿನ ಅಮೆರಿಕದ ಆಸ್ತಿಗೆ 40% ವರೆಗೆ ಎಸ್ಟೇಟ್ ತೆರಿಗೆ ಬೀಳುತ್ತೆ. ಇದನ್ನು ಖಾತೆ ತೆರೆಸುವ ಯಾವ ಆ್ಯಪೂ ಮೊದಲ ಪುಟದಲ್ಲಿ ಹೇಳಿದ್ದು ನಾನು ಕಂಡಿಲ್ಲ.