ಫೈಬರ್ ಜೊತೆ ಬರುವ ಒಟಿಟಿ ಪ್ಯಾಕ್: ಮಡಿಕೇರಿ ಕಡೆಯವರು ತಗೋಬಹುದಾ?

ಕೇಬಲ್‌ನವರು ಈಗ ಫೈಬರ್ ಇಂಟರ್ನೆಟ್ ಜೊತೆಗೇ ಒಟಿಟಿ ಪ್ಯಾಕ್ (ಸಿನಿಮಾ, ಧಾರಾವಾಹಿ ನೋಡುವ ಆ್ಯಪ್‌ಗಳ ಕಟ್ಟು) ಕೊಡುತ್ತಾರಲ್ವಾ, ನಾವೂ ಹಾಕಿಸಿಕೊಂಡೆವು. ಬೇಸಿಗೆಯಲ್ಲಿ ಒಂದು ಮಾತು ಆಡುವ ಹಾಗಿಲ್ಲ. ಜುಲೈ ಬಂತೋ, ಸಿಲ್ವರ್ ಓಕ್ ಕೊಂಬೆ ಮುರಿದು ವೈರಿನ ಮೇಲೆ ಬೀಳುತ್ತದೆ, ರೂಟರ್‌ನಲ್ಲಿ ಕೆಂಪು ದೀಪ ಮಿನುಗುತ್ತಾ ಕೂರುತ್ತದೆ, ಫೋನ್ ಮಾಡಿದರೆ 'ನಾಳೆ ಹುಡುಗರನ್ನ ಕಳಿಸ್ತೀವಿ ಸಾರ್' ಅನ್ನುತ್ತಾರೆ. ಯಾವ ನಾಳೆ ಅಂತ ಕೇಳಬೇಡಿ.

ಪ್ಯಾಕ್‌ನಲ್ಲಿ ಎಷ್ಟು ಆ್ಯಪ್ ಇವೆ ಅಂತ ಎಣಿಸಿ ಸುಮ್ನೆ ಖುಷಿಪಡಬೇಡಿ. ಯಾವ ಸರಣಿ, ಯಾವ ಸ್ಟುಡಿಯೋ ಯಾವ ಆ್ಯಪ್‌ನವರ ಕೈಲಿದೆ ಅನ್ನೋದೇ ಮುಖ್ಯ. ಅಮೆರಿಕದ ಎಚ್‌ಬಿಒ ಚಾನೆಲ್‌ನ ಸರಣಿಗಳು 2023ರ ಮಾರ್ಚ್ ಕೊನೆಗೆ ಹಾಟ್‌ಸ್ಟಾರ್ ಬಿಟ್ಟು ಜಿಯೋಸಿನಿಮಾಕ್ಕೆ ಹೋದವು. ಆಮೇಲೆ ಜಿಯೋಸಿನಿಮಾದ ರಿಲಯನ್ಸ್, ಹಾಟ್‌ಸ್ಟಾರ್‌ನ ಡಿಸ್ನಿ ಇಲ್ಲಿನ ವ್ಯವಹಾರ ಒಂದು ಮಾಡಿಕೊಂಡವು, 2025ರ ಫೆಬ್ರವರಿಯಲ್ಲಿ ಎರಡು ಆ್ಯಪ್ ಸೇರಿ ಜಿಯೋಹಾಟ್‌ಸ್ಟಾರ್ ಆಯಿತು. ಪ್ರೈಮ್ ವಿಡಿಯೋ ನಡೆಸುವ ಅಮೆಜಾನ್ ಅಂತೂ 2022ರಲ್ಲಿ ಸುಮಾರು 850 ಕೋಟಿ ಡಾಲರ್ ಕೊಟ್ಟು ಹಾಲಿವುಡ್‌ನ ಎಂಜಿಎಂ ಸ್ಟುಡಿಯೋವನ್ನೇ ಕೊಂಡುಕೊಂಡಿತು.

ಜಿಯೋಸಿನಿಮಾ, ಹಾಟ್‌ಸ್ಟಾರ್ ಒಂದಾಗಿದ್ದರಿಂದ ಲಾಭ ಆಗಿದ್ದು ನಮ್ಮಮ್ಮನಿಗೆ. ಕಲರ್ಸ್ ಕನ್ನಡ, ಸ್ಟಾರ್ ಸುವರ್ಣ ಎರಡೂ ಈಗ ಒಂದೇ ಆ್ಯಪ್‌ನಲ್ಲಿ. ಮೊದಲು ಒಂದು ಧಾರಾವಾಹಿ ಮುಗಿಸಿ ಇನ್ನೊಂದು ಹುಡುಕುವಾಗ 'ಮಗಾ, ಇದನ್ನ ಹಾಕಿಕೊಡು' ಅಂತ ಕೂಗುತ್ತಿದ್ದರು. ಈಗ ರಿಮೋಟ್ ಅವರದ್ದೇ, ನನ್ನ ಕ್ರಿಕೆಟ್‌ಗೆ ಅವಕಾಶವಿಲ್ಲ. ಆದರೆ ಪೈಪೋಟಿ ಕಡಿಮೆ ಆದರೆ ರೇಟು ಯಾರು ಇಳಿಸುತ್ತಾರೆ ಹೇಳಿ?

ನನ್ನ ಪ್ರಕಾರ 5ಕ್ಕೆ 3. ವರ್ಷದ ಪ್ಲಾನ್ ಬೇಡ, ಮೂರು ತಿಂಗಳದ್ದು ಸಾಕು. ಮಳೆಗಾಲಕ್ಕೆ ಮೊದಲು ರೂಟರ್‌ಗೆ ಒಂದು ಚಿಕ್ಕ ಯುಪಿಎಸ್ ತಗೊಳ್ಳಿ, ಕರೆಂಟ್ ಹೋದರೂ ಮೊಬೈಲಲ್ಲಾದರೂ ನೋಡಬಹುದು.