ಗುಂಡ ಮತ್ತು ಚಿಗರಿ: ಲ್ಯಾಬ್ರಡಾರ್, ಮುಧೋಳ ಎರಡನ್ನೂ ಸಾಕಿ ನೋಡಿದ ಮೇಲೆ

ನಮ್ಮ ಮನೆ ಬಾಗಲಕೋಟೆಯ ನವನಗರದಲ್ಲಿ. ನಾಯಿ ಎರಡು. ಗುಂಡ ಲ್ಯಾಬ್ರಡಾರ್, ಐದು ವರ್ಷದವನು. ಅಕ್ಕನಿಗೆ ಬೆಂಗಳೂರಿಗೆ ವರ್ಗವಾದಾಗ ನಮ್ಮ ಪಾಲಿಗೆ ಬಂದ. ಚಿಗರಿ ಮುಧೋಳದ ಹೆಣ್ಣು, ಎರಡೂವರೆ ವರ್ಷ. ಮುಧೋಳ ತಾಲೂಕಿನ ಒಂದು ಹಳ್ಳಿಯಿಂದ ಮರಿಯಾಗಿದ್ದಾಗ ತಂದದ್ದು. ಮನೆಗೆ ಬಂದವರೆಲ್ಲ ಕೇಳೋದು ಒಂದೇ, "ಎರಡರಾಗ ಯಾವುದು ಚಲೋ ರೀ?"

ಮೊದಲು ಬಿಸಿಲಿನ ಮಾತು. ಇದರಲ್ಲಿ ಪೈಪೋಟಿಯೇ ಇಲ್ಲ, ಚಿಗರಿ ಗೆದ್ದಳು. ಲ್ಯಾಬ್ರಡಾರ್ ತಳಿಯ ಮೂಲ ಕೆನಡಾದ ನ್ಯೂಫೌಂಡ್‌ಲ್ಯಾಂಡ್. ಅಲ್ಲಿ ಮೀನುಗಾರರ ಜೊತೆ ತಣ್ಣೀರಿಗೆ ಇಳಿಯುತ್ತಿದ್ದ ನಾಯಿಗಳ ವಂಶ. ಮೈಮೇಲೆ ಎರಡು ಪದರ ಕೂದಲು. ನಮ್ಮಲ್ಲಿ ಏಪ್ರಿಲ್ ಬಂದರೆ 40 ಡಿಗ್ರಿ ದಾಟುತ್ತದೆ. ನಾಯಿಗೆ ನಮ್ಮ ಹಾಗೆ ಮೈಯೆಲ್ಲ ಬೆವರುವುದಿಲ್ಲ, ನಾಲಿಗೆ ಚಾಚಿ ತೇಕಿಯೇ ತಂಪಾಗಬೇಕು. ಗುಂಡ ಬಚ್ಚಲಮನೆಯ ಕಲ್ಲಿನ ಮೇಲೆ ಕಾಲು ಚಾಚಿ ಮಲಗಿದರೆ ಸಂಜೆವರೆಗೂ ಅಲ್ಲೇ. ಯಾರಿಗಾದರೂ ಸ್ನಾನ ಮಾಡಬೇಕಿದ್ದರೆ ಅವನನ್ನು ದಾಟಿಕೊಂಡೇ ಹೋಗಬೇಕು. ಬೆಳಿಗ್ಗೆ ಆರೂವರೆಯೊಳಗೆ ಅವನ ವಾಕಿಂಗ್ ಮುಗಿಯಬೇಕು. ಸಂಜೆ ಹೊರಡುವ ಮುಂಚೆ ರಸ್ತೆಗೆ ಅಂಗೈಯ ಹಿಂಭಾಗ ಇಟ್ಟು ನೋಡುತ್ತೇನೆ. ಐದಾರು ಸೆಕೆಂಡ್ ತಡೆಯಲು ಆಗದಿದ್ದರೆ ಅವನ ಪಾದಕ್ಕೂ ಆಗುವುದಿಲ್ಲ.

ಚಿಗರಿ ಬೇವಿನ ಮರದ ನೆರಳಿನಲ್ಲಿ ಮಣ್ಣು ಕೆದರಿ ಮಲಗಿಬಿಡುತ್ತಾಳೆ, ಅಷ್ಟೇ. ಹಾಗಂತ ಮಧ್ಯಾಹ್ನ ಓಡಿಸಬೇಡಿ, ಅವಳೂ ನಾಯಿಯೇ. ಡಿಸೆಂಬರ್‌ನಲ್ಲಿ ಮಾತ್ರ ಲೆಕ್ಕ ಉಲ್ಟಾ. ಮೈಯಲ್ಲಿ ಕೊಬ್ಬಿಲ್ಲ, ಕೂದಲು ಗಿಡ್ಡ, ಗಡಗಡ ನಡುಗುತ್ತಾಳೆ. ಅಮ್ಮ ಹೊಲಿದ ಕೌದಿ ಈಗ ಅವಳದ್ದೇ. ಅಮ್ಮ ಕೇಳಿದರೆ ಗುರ್ ಅನ್ನುವುದಿಲ್ಲ, ಆದರೆ ಏಳುವುದೂ ಇಲ್ಲ.

ಊಟ. ಗುಂಡನಿಗೆ ಇಲ್ಲ ಅನ್ನುವ ಮಾತೇ ಇಲ್ಲ. ಕೇಂಬ್ರಿಡ್ಜ್‌ನ ಸಂಶೋಧಕರು 2016ರಲ್ಲಿ ಹೇಳಿದ್ದು ಓದಿದೆ: ಸುಮಾರು ನಾಲ್ಕು ಲ್ಯಾಬ್ರಡಾರ್‌ಗಳಲ್ಲಿ ಒಂದಕ್ಕೆ ಜೀನ್‌ನಲ್ಲೇ ಒಂದು ತುಣುಕು ಬಿಟ್ಟುಹೋಗಿರುತ್ತದೆ, ಅಂಥವು ತಿಂಡಿಗೆ ಹೆಚ್ಚು ಹಾತೊರೆಯುತ್ತವೆ, ತೂಕವೂ ಜಾಸ್ತಿ. ಗುಂಡ ಆ ನಾಲ್ಕನೆಯವನೇ ಇರಬೇಕು. ಒಮ್ಮೆ ವಿಜಯಪುರದಿಂದ ಬಂದ ಒಣದ್ರಾಕ್ಷಿ ಪಾಕೀಟು ಟೇಬಲ್ ಮೇಲಿತ್ತು. ಪಾಕೀಟು ಸಮೇತ ಮುಗಿಸಿದ. ದ್ರಾಕ್ಷಿ, ಒಣದ್ರಾಕ್ಷಿ ಎರಡೂ ನಾಯಿಯ ಕಿಡ್ನಿಗೆ ವಿಷ. ತಕ್ಷಣ ಡಾಕ್ಟರ ಹತ್ತಿರ ಒಯ್ದೆವು. ವಾಂತಿ ಮಾಡಿಸಿ ಸಲೈನ್ ಹಚ್ಚಿದರು. ದ್ರಾಕ್ಷಿ ಬೆಳೆಯುವ ನಾಡಿನಲ್ಲಿ ಇದು ಎಷ್ಟು ಮನೆಯವರಿಗೆ ಗೊತ್ತಿದೆಯೋ! ಉಳ್ಳಾಗಡ್ಡಿಯೂ ಅಷ್ಟೇ, ರೊಟ್ಟಿಗೆ ಹತ್ತಿದ ಪಲ್ಯದಲ್ಲಿ ಇದ್ದರೂ ಬೇಡ.

ಚಿಗರಿ ಮೂಸಿ ನೋಡಿ ಅರ್ಧ ಬಿಟ್ಟು ಹೋಗುತ್ತಾಳೆ. ಪಕ್ಕೆಲುಬು ಎಣಿಸಬಹುದು. ಓಣಿಯ ಒಬ್ಬ ಅಜ್ಜಿ ಗೇಟ್ ಹತ್ತಿರ ನಿಂತು, "ಯಪ್ಪಾ, ಇದಕ್ಕ ಏನರ ಹಾಕ್ತೀರೋ ಇಲ್ಲೋ? ದಪ್ಪಂದಕ್ಕ ಎಲ್ಲಾ ಹಾಕೀರಿ ನೋಡು," ಅಂದಿದ್ದರು. ಮುಧೋಳ ನಾಯಿ ಇರಬೇಕಾದದ್ದೇ ಹಾಗೆ. ಹಿಂದಿನ ಎರಡು ಮೂರು ಪಕ್ಕೆಲುಬು ಕಂಡರೆ ಸರಿಯಾಗಿದೆ ಅಂತಲೇ ಅರ್ಥ. ಅಜ್ಜಿಗೆ ಇನ್ನೂ ನಂಬಿಕೆ ಬಂದಿಲ್ಲ.

ಈಗ ಅಸಲಿ ವಿಷಯ. ಕರೆದರೆ ಬರುತ್ತವಾ?

ಗುಂಡನಿಗೆ ಒಣ ರೊಟ್ಟಿ ಚೂರು ತೋರಿಸಿ ನಾಲ್ಕು ದಿನದಲ್ಲಿ 'ಕೂಡು' ಕಲಿಸಿದೆ. ಒಂದು ತಿಂಗಳಲ್ಲಿ 'ಬಾ' ಅಂದರೆ ಎಲ್ಲಿದ್ದರೂ ಬರುತ್ತಿದ್ದ. ಅದೇ ಪಾಠ ಚಿಗರಿಗೆ ಮನೆಯೊಳಗೆ ಮಾತ್ರ ನಡೆಯಿತು. ಹೊಲದಲ್ಲಿ ರೊಟ್ಟಿ ಅಲ್ಲ, ಬೇಯಿಸಿದ ಮೊಟ್ಟೆ ತೋರಿಸಿದರೂ ಕೇಳುವವಳಲ್ಲ. ಆರು ತಿಂಗಳ ಮರಿ ಇದ್ದಾಗ ಜೋಳ ಕೊಯ್ದ ಹೊಲದಲ್ಲಿ ಬಿಟ್ಟಿದ್ದೆ. ದೂರದಲ್ಲಿ ಒಂದು ಪ್ಲಾಸ್ಟಿಕ್ ಚೀಲ ಗಾಳಿಗೆ ಎದ್ದಿತು. ಮೊದಲು ಕಿವಿ ಹಿಂದಕ್ಕೆ ಅಂಟಿತು. ಆಮೇಲೆ ಕುತ್ತಿಗೆ ಸೆಟೆದು ಉದ್ದವಾಯಿತು. ಮುಂದಿನ ಒಂದು ಕಾಲು ಎತ್ತಿದ್ದು ಎತ್ತಿದಂತೇ ನಿಂತಿತು. ನಾನು "ಚಿಗರೀ" ಅನ್ನುವಷ್ಟರಲ್ಲಿ ಮೂರು ಹೊಲ ದಾಟಿದ್ದಳು. ಮುಕ್ಕಾಲು ಗಂಟೆ ಬಿಟ್ಟು ಬಂದಳು. ನಾನು ಬೈದೆ. ಅದೇ ನನ್ನ ತಪ್ಪು. ಬಂದದ್ದಕ್ಕೆ ಬೈಗುಳ ಸಿಕ್ಕಿತು ಅಂತ ಅವಳು ಲೆಕ್ಕ ಹಾಕಿದಳು. ಮರುದಿನದಿಂದ ಹತ್ತು ಹೆಜ್ಜೆ ದೂರದಲ್ಲೇ ನಿಂತು ನನ್ನ ಮುಖ ನೋಡತೊಡಗಿದಳು.

ಪಕ್ಕದ ಹೊಲದಲ್ಲಿ ಕುರಿ ತರುಬಿದ್ದ ಕಾಕಾ ಒಬ್ಬರು ಇದನ್ನೆಲ್ಲ ನೋಡುತ್ತಿದ್ದರು. "ತಮ್ಮಾ, ಅದಕ ಕಿವಿ ಆಮ್ಯಾಲ, ಮೊದಲ ಕಣ್ಣು. ಕಣ್ಣು ಹೋತಂದ್ರ ನೀ ಒದರಿ ಉಪಯೋಗ ಇಲ್ಲ," ಅಂದರು. ನೂರು ವಿಡಿಯೋ ನೋಡಿದರೂ ಸಿಗದ ಮಾತು ಅದು. ಮುಧೋಳ ಮೂಸಿ ಹುಡುಕುವ ನಾಯಿಗಿಂತ ಹೆಚ್ಚಾಗಿ ನೋಡಿ ಬೆನ್ನಟ್ಟುವ ನಾಯಿ. ನಾವು ಲ್ಯಾಬ್ರಡಾರ್‌ನ ಅಳತೆಗೋಲು ಹಿಡಿದು ಅದನ್ನು ದಡ್ಡ, ಹಟಮಾರಿ ಅನ್ನುತ್ತೇವೆ.

ಹಾಗಾಗಿ ಕಣ್ಣಿಗೇ ಆಟ ಕೊಟ್ಟೆ. ಹಳೇ ಬಾರಕೋಲಿನ ತುದಿಗೆ ಬಟ್ಟೆ ಕಟ್ಟಿ ನೆಲದ ಮೇಲೆ ಎಳೆದಾಡಿಸುವುದು. ಮೂವತ್ತು ಅಡಿ ಹಗ್ಗದಲ್ಲಿ ಅವಳನ್ನು ಬಿಟ್ಟು, 'ಬಾ' ಅಂದು ಬಟ್ಟೆ ಓಡಿಸುವುದು. ಬಂದರೆ ಹಿಡಿಯಲು ಬಿಡುವುದು. ಹಗ್ಗ ಜಾರಿ ನನ್ನ ಅಂಗೈ ಸುಟ್ಟದ್ದು ಎರಡು ಸಲ, ಅದಕ್ಕೇ ಈಗ ಕೈಗವಸು. ಎಂಟು ತಿಂಗಳಾದ ಮೇಲೆ, ಕುತ್ತಿಗೆ ಸೆಟೆಯುವ ಮುಂಚೆ ಕರೆದರೆ ತಿರುಗುತ್ತಾಳೆ. ಸೆಟೆದ ಮೇಲೆ ಇವತ್ತಿಗೂ ಇಲ್ಲ. ಬೇಲಿ ಇಲ್ಲದ ಜಾಗದಲ್ಲಿ ಹಗ್ಗ ಬಿಚ್ಚುವುದಿಲ್ಲ. ಮೊಲ ಹಿಡಿದರೆ 1972ರ ವನ್ಯಜೀವಿ ಕಾಯ್ದೆ ಪ್ರಕಾರ ಸಿಕ್ಕಿಬೀಳುವುದು ನಾನು, ಅವಳಲ್ಲ.

ಕೊರಳಪಟ್ಟಿ ಕೂಡ ಬೇರೆಯೇ. ಅವಳ ತಲೆ ಕುತ್ತಿಗೆಗಿಂತ ಸಣ್ಣದು. ಗುಂಡನ ಪಟ್ಟಿ ಹಾಕಿದರೆ ಹಿಂದಕ್ಕೆ ಒಂದು ಹೆಜ್ಜೆ ಇಟ್ಟು ನುಣುಚಿಕೊಳ್ಳುತ್ತಾಳೆ. ಅಗಲ ಇರುವ, ಎಳೆದಾಗ ಒಂದು ಮಿತಿವರೆಗೆ ಮಾತ್ರ ಬಿಗಿಯಾಗುವ ಪಟ್ಟಿಯೇ ಬೇಕು.

ಕಾವಲಿಗೆ ಇಬ್ಬರೂ ಅಷ್ಟಕ್ಕಷ್ಟೇ. ಗುಂಡ ಬೊಗಳಿ ಆಮೇಲೆ ಕೈ ನೆಕ್ಕುತ್ತಾನೆ. ಚಿಗರಿ ಬೊಗಳುವುದೇ ಕಮ್ಮಿ, ಹೊಸಬರು ತಲೆ ಮುಟ್ಟಲು ಬಂದರೆ ಸರಿದು ಹೋಗುತ್ತಾಳೆ. 2016ರಲ್ಲಿ ಸೈನ್ಯದವರು ಮುಧೋಳ ಮರಿಗಳನ್ನು ಮೀರತ್‌ಗೆ ತರಬೇತಿಗೆ ಒಯ್ದರು ಅಂತ ಕೇಳಿದವರು ಇದನ್ನು ಹುಲಿ ಅಂದುಕೊಂಡು ಬರುತ್ತಾರೆ. ಬಾಗಿಲ ಹಿಂದೆ ಅಡಗಿದ್ದು ನೋಡಿ ಬೇಜಾರಾಗುತ್ತಾರೆ. ಕೂದಲು ಗುಡಿಸುವ ಕೆಲಸ ಗುಂಡನದ್ದೇ ಜಾಸ್ತಿ, ದಿನಾ.

ಮೊನ್ನೆ ಬೆಳಗಾವಿಯಿಂದ ಗೆಳೆಯ ಬಂದಿದ್ದ. ಗುಂಡ ಅವನ ಬೂಟಿನ ಮೇಲೇ ಕೂತ. ಚಿಗರಿ ಬೆನ್ನು ತಿರುಗಿಸಿ ಮಲಗಿದಳು. ಅವನಿಗೆ ಹಿಡಿಸಿದ್ದು ಅವಳೇ. ಸಾಕುವವರ ನಂಬರ್ ಕೊಡು ಅಂದ.

"ನಿಮ್ಮ ಮನಿ ಕಂಪೌಂಡ್ ಎಷ್ಟ ಎತ್ತರ ಐತಿ?" ಅಂತ ಕೇಳಿದೆ.

ಸೊಂಟದ ಹತ್ತಿರ ಕೈ ತೋರಿಸಿದ. ನಂಬರ್ ಕೊಡಲಿಲ್ಲ. ಚಹಾ ಕುಡಿಸಿ ಕಳಿಸಿದೆ.